ಉದ್ಯೋಗ: ಒಂದೇ ಪದದಲ್ಲಿ

ಚಿಯಾತುರಾದ ಪಿಂಚಣಿ ಕಚೇರಿ, ಮೂರನೆಯ ಕಿಟಕಿ.
ಗುಮಾಸ್ತೆ ಪೆನ್ನಿನ ತುದಿ ಕಚ್ಚುತ್ತ ಕೇಳಿದಳು:
ಉದ್ಯೋಗ? ಒಂದೇ ಪದದಲ್ಲಿ ಹೇಳಿ, ಜಾಗ ಇಷ್ಟೇ ಇರೋದು.
ತ್ಸಿಯಾಲಾ ನನ್ನ ಕಡೆ ತಿರುಗಿದಳು.
ಇಪ್ಪತ್ತಾರು ವರ್ಷ ಅವಳ ಹಿಂದೆ ಮೈಕಿನ ಕೋಲು ಹೊತ್ತವನು ನಾನು.
ನನಗೂ ತೋಚಲಿಲ್ಲ.

ಮೊದಲು ಅವಳು ಫಿಲ್ಮು ತೊಳೆಯುವವಳು.
ತ್ಬಿಲಿಸಿಯ ಸ್ಟುಡಿಯೋದ ನೆಲಮಾಳಿಗೆಯಲ್ಲಿ
ಬೇರೆಯವರು ಕಂಡದ್ದನ್ನು ರಾಸಾಯನಿಕದಲ್ಲಿ ಅದ್ದಿ
ಒದ್ದೆ ಬಟ್ಟೆಯ ಹಾಗೆ ಹರವುತ್ತಿದ್ದಳು,
ಉಗುರೆಲ್ಲ ಹಳದಿ.
ಕತ್ತಲಲ್ಲಿ ಕೈಗೇ ಕಣ್ಣು ಮೂಡುತ್ತದೆ ಅನ್ನುತ್ತಿದ್ದಳು.
ಧ್ವನಿ ಹಿಡಿಯುವಾತ ಕುಡಿದು ಬಾರದ ಒಂದು ಬೆಳಿಗ್ಗೆ
ಯಾರೋ ಅವಳ ಕಿವಿಗೆ ಹೆಡ್‌ಫೋನು ಸಿಕ್ಕಿಸಿದರು.
ಸಂಜೆಯೊಳಗೆ ಅವಳಿಗೆ ಗುರುತು ಸಿಕ್ಕಿತ್ತು,
ಸುಳ್ಳು ಹೇಳುವ ಮುಂಚೆ ಮನುಷ್ಯ ಎಂಜಲು ನುಂಗುವ ಸದ್ದು.

ದೇಶ ಒಡೆದು ಕರೆಂಟು ಹೋದ ವರ್ಷಗಳಲ್ಲಿ
ಸ್ನಾನದ ತೊಟ್ಟಿಯಲ್ಲೇ ರೀಲು ತೊಳೆದಳು.
ಹಗಲು ಕ್ಯಾಮೆರಾಕ್ಕೆ ಉಸಿರು ಕೊಟ್ಟ ಲಾರಿ ಬ್ಯಾಟರಿ
ರಾತ್ರಿ ಪಕ್ಕದ ಮನೆ ಬಾಣಂತಿಯ ದೀಪಕ್ಕೆ.
ಮದುವೆಗಳ ವೀಡಿಯೊ ಮಾಡಿದಳು,
ಕೂಲಿ ಒಂದು ಮೂಟೆ ಜೋಳ, ಕೆಲವೊಮ್ಮೆ ಬರೀ ಊಟ.
ಬೆಸುಗೆ ಕಲಿತಳು. ಕೂಸಿನ ತಳ್ಳುಗಾಡಿಯ ಚಕ್ರಕ್ಕೆ
ಗಣಿಯ ಗುಜರಿ ಕಬ್ಬಿಣ ಬೆಸೆದು ಟ್ರಾಲಿ ಕಟ್ಟಿದಳು.
ಅದು ಇವತ್ತಿಗೂ ಎಡಕ್ಕೇ ಎಳೆಯುತ್ತದೆ,
ಅವಳ ಚಿತ್ರಗಳೆಲ್ಲ ತುಸು ಎಡಕ್ಕೆ ವಾಲಿವೆ;
ವಿಮರ್ಶಕರು ಅದಕ್ಕೊಂದು ರಾಜಕೀಯ ಹಚ್ಚಿದರು.

ನಾಝಿಬ್ರೋಲಾಳ ಚಿತ್ರಕ್ಕೆ ಹಿಡಿದದ್ದು ಹತ್ತೊಂಬತ್ತು ವರ್ಷ.
ಕಣಿವೆಯ ಮೇಲೆ ತಂತಿಗೆ ಜೋತ ತಗಡಿನ ಪೆಟ್ಟಿಗೆಯಲ್ಲಿ
ಗಣಿಯವರನ್ನು ಮೇಲೆ ಒಯ್ದು ಕೆಳಗೆ ತರುತ್ತಿದ್ದವಳು.
ಅಡಿಯಲ್ಲಿ ಕ್ವಿರಿಲಾ ನದಿ, ಮ್ಯಾಂಗನೀಸು ಕುಡಿದು ಕಪ್ಪು.
ಪೆಟ್ಟಿಗೆಯಲ್ಲಿ ನಮಗೆ ಸಿಕ್ಕಿದ್ದು ಎರಡಾಳಿನ ಜಾಗ, ಹಾಗಾಗಿ
ಕ್ಯಾಮೆರಾ, ಬೆಳಕು, ಪ್ರಶ್ನೆ, ಮೂರೂ ತ್ಸಿಯಾಲಾಳೇ,
ಮೂಲೆಯಲ್ಲಿ ಹೊಟ್ಟೆ ಒಳಗೆಳೆದುಕೊಂಡು ನಾನು.

ಓಟಿಯಾ, ನಾಝಿಬ್ರೋಲಾಳ ಕಿರಿಯ ಮಗ,
ಒಂದು ಮಂಗಳವಾರ ಸುರಂಗದಿಂದ ನಡೆದು ಬರಲಿಲ್ಲ.
ಮರುದಿನ ನಾವು ಹೋದಾಗ ಅವಳು ಅಡುಗೆಮನೆಯಲ್ಲಿದ್ದಳು,
ಸಾವಿನ ಊಟಕ್ಕೆ ಅರವತ್ತು ಜನರ ಹುರುಳಿ ಬೇಯುತ್ತಿತ್ತು.
ಕ್ಯಾಮೆರಾ ಆಗಲೇ ಓಡುತ್ತಿತ್ತು. ಅವಳು ಅಳಲಿಲ್ಲ.
"ಅದನ್ನು ಕೆಳಗಿಡು," ಅಂದಳು,
"ಈ ಹಂಡೆಯ ಆ ಕಡೆ ಕಿವಿ ಹಿಡಿ."

ತ್ಸಿಯಾಲಾ ಕೆಳಗಿಟ್ಟಳು. ಆರಿಸಲು ಮರೆತಳು.
ನಾಲ್ಕು ನಿಮಿಷ ಹನ್ನೊಂದು ಸೆಕೆಂಡು:
ನೆಲದ ಹಲಗೆ. ನಾಲ್ಕು ಪಾದ. ಲಾಡಿ ಬಿಚ್ಚಿದ ಒಂದು ಬೂಟು.
ಹಂಡೆಯ ಅಂಚಿಗೆ ಸೌಟು ತಾಗುವ ಸದ್ದು,
ಎಲ್ಲೋ ಈರುಳ್ಳಿಯ ಸಿಪ್ಪೆ.

ಕತ್ತರಿಸು ಅಂದೆ. ಆ ಚಳಿಗಾಲವೆಲ್ಲ
ಸಂಕಲನ ನಡೆದದ್ದು ಅವಳ ಊಟದ ಮೇಜಿನ ಮೇಲೆ,
ಬ್ರೆಡ್ಡಿನ ಪುಡಿ ಕೀಲಿಮಣೆಯ ಸಂದಿಯಲ್ಲಿ.
ಅವಳು ಸುಮ್ಮನೆ ಅದನ್ನೇ ಮತ್ತೆ ಮತ್ತೆ ಓಡಿಸಿದಳು.
"ಇಡೀ ಚಿತ್ರದಲ್ಲಿ ನಾನು ಸರಿಯಾಗಿ ನಿಂತದ್ದು
ಇದೊಂದೇ ಜಾಗದಲ್ಲಿ ಕಣೋ."
ದೂರದ ಉತ್ಸವದಲ್ಲಿ ತೀರ್ಪುಗಾರರು
ದೃಶ್ಯದ ದಿಟ್ಟ ನಿರಾಕರಣೆ ಎಂದು ಕೊಂಡಾಡಿ
ಗಾಜಿನ ಗೋಪುರವೊಂದನ್ನು ಕೊಟ್ಟರು.
ಅದೀಗ ಉಪ್ಪುನೀರಲ್ಲಿ ನೆನೆಯುವ ಎಲೆಕೋಸಿನ ಮೇಲಿದೆ,
ಒಳ್ಳೆ ಭಾರ.

ಹಿಂದೆ ಸಾಲಿನಲ್ಲಿ ಯಾರೋ ಕೆಮ್ಮಿದರು.
ಬೇಗ, ಅಂದಳು ಗುಮಾಸ್ತೆ.
ತ್ಸಿಯಾಲಾ ಚೀಲ ತಡಕಿ ಒಂದು ಮಾಸಲು ಪುಸ್ತಕ ತೆಗೆದಳು:
ಸ್ಟುಡಿಯೋದ ವ್ಯಾನು ಓಡಿಸಿದ ಎಂಟು ವರ್ಷ,
ಅವಳ ಬದುಕಿನಲ್ಲಿ ಮೊಹರು ಬಿದ್ದದ್ದು ಅಷ್ಟಕ್ಕೇ.
"ಡ್ರೈವರ್ ಅಂತ ಬರೀರಿ."
ಠಪ್ಪೆಂದು ಮುದ್ರೆ ಬಿತ್ತು.

ಮೆಟ್ಟಿಲಿಳಿಯುವಾಗ ನನ್ನ ತೋಳು ಹಿಡಿದು ನಿಲ್ಲಿಸಿದಳು.
ಸಮಾಧಾನಕ್ಕೆ ಏನಾದರೂ ಹೇಳೋಣ ಅಂತ ನಾನು ಬಾಯಿ ತೆರೆದಿದ್ದೆ.
"ಆ ಮೊಹರಿನ ಸದ್ದು ಕೇಳಿದೆಯಾ?
ಮೇಜಿನ ಒಳಗೆ ಟೊಳ್ಳಿದೆ.
ನಾಳೆ ಚಿಕ್ಕ ಮೈಕು ತಾ."